ಫಾರ್ಮ್ಯಾಟ್ ಹೊಡೆಯುವ ದಿನ

ಹಿರೇಕೆರೂರಿನ ನಮ್ಮ ಮನೆಯಲ್ಲಿ ಹಬ್ಬಗಳ ಲೆಕ್ಕ ಹಿಡಿದರೆ ಕಾರಹುಣ್ಣಿಮೆ, ಪಂಚಮಿ, ಚೌತಿ, ಮಹಾನವಮಿ, ದೀಪಾವಳಿಗಳ ಸಾಲಿನಲ್ಲೇ ಪಂಚಾಂಗದಾಗ ಇಲ್ಲದ ಇನ್ನೊಂದು ದಿನವೂ ಸೇರುತ್ತಿತ್ತು. ಅದು ಕಾಕಾ ಕಂಪ್ಯೂಟರಿಗೆ ಫಾರ್ಮ್ಯಾಟ್ ಹೊಡೆಯುವ ದಿನ. ಲಗ್ನದ ಸುಗ್ಗಿ ಮುಗಿದು, ಮಿರಗ ಮಳೆಗೆ ಗೋವಿನಜೋಳದ ಬಿತ್ತಿಗೆಯೂ ಮುಗಿದು, ಹಳ್ಳಿಯ ಮಂದಿ ಹೊಲದ ಕಡೆ ಮುಖ ಮಾಡಿ ಅಂಗಡಿಗೆ ಗಿರಾಕಿ ಇಲ್ಲದಾದ ಆಷಾಢದ ಯಾವುದೋ ಭಾನುವಾರ ಅದು ಬರುತ್ತಿತ್ತು. ಹಿಂದಿನ ರಾತ್ರಿ ಊಟಕ್ಕೆ ಕೂತಾಗಲೇ ಕಾಕಾ, "ನಾಳೆ ವಿಂಡೋಸ್ ಹಾಕೂದೈತಿ, ಯಾರೂ ಅಂಗಡ್ಯಾಗ ಗದ್ಲಾ ಮಾಡಂಗಿಲ್ಲ" ಅಂತ ಜಾಹೀರು ಮಾಡಿಬಿಡುತ್ತಿದ್ದ. ಕಾಕಾನ ಮಕ್ಕಳು, ನಾವು ಅಣ್ಣತಮ್ಮ ಅಕ್ಕತಂಗಿಯರು, ರಟ್ಟೀಹಳ್ಳಿಯಿಂದ ಬಂದ ಅತ್ತೆಯ ಮಕ್ಕಳು, ಎಲ್ಲರೂ ಆ ಮಾತನ್ನು ಅಂಗಡಿಗೆ ಬರಲಿಕ್ಕೆ ಕೊಟ್ಟ ಕರೆ ಅಂತಲೇ ತಿಳಿದು ಬೆಳಕು ಹರಿಯುವುದನ್ನೇ ಕಾಯುತ್ತ ಮಲಗುತ್ತಿದ್ದೆವು.

ಮನೆಯ ಮುಂದಿನ ಭಾಗವೇ ಅಂಗಡಿ. ಅದರ ಹಿಂದೆ ಪಡಸಾಲಿ, ಪಡಸಾಲಿಯ ಹಿಂದೆ ಅಡಿಗಿ ಮನಿ, ಅದರಾಚೆ ಬಚ್ಚಲ, ಹಿತ್ತಲ, ಹಿತ್ತಲದಾಗ ಕರಿಬೇವಿನ ಗಿಡ. ಅಂಗಡಿ ಮೊದಲು ಅಜ್ಜನ ಮುದ್ರಣಾಲಯವಾಗಿತ್ತು. ಕಾಲಿನಿಂದ ತುಳಿಯುವ ಟ್ರೆಡಲ್ ಮಷಿನ್ನು, ಗೋಡೆಗುಂಟ ಮೊಳೆಯ ಕೇಸುಗಳು, ಸೀಸದ ವಾಸನೆ, ಸೀಮೆಎಣ್ಣೆಯಲ್ಲಿ ತೊಳೆದ ಅರಿವಿಯ ವಾಸನೆ. 1997ರಲ್ಲಿ ಧಾರವಾಡ ಜಿಲ್ಲೆ ಒಡೆದು ಹಾವೇರಿ ಜಿಲ್ಲೆಯಾದಾಗ ಊರಿನ ಅಂಗಡಿ, ಸೊಸೈಟಿ, ಸಂಘ, ಸಾಲಿಗಳ ಲೆಟರ್‌ಹೆಡ್ಡು, ಪಾವತಿ ಪುಸ್ತಕಗಳೆಲ್ಲ ಹೊಸದಾಗಿ ಆಗಬೇಕಾಯಿತು. "ಜಿ॥ ಧಾರವಾಡ" ಅಂತ ಕಟ್ಟಿಟ್ಟ ಮೊಳೆಗಳನ್ನು ಬಿಚ್ಚಿ "ಜಿ॥ ಹಾವೇರಿ" ಜೋಡಿಸುತ್ತ ಅಜ್ಜ ರಾತ್ರಿ ಕಂದೀಲು ಹಚ್ಚಿಕೊಂಡು ಕೂತದ್ದು ನಮ್ಮಲ್ಲಿ ದೊಡ್ಡವರಿಗೆ ಚೆನ್ನಾಗಿ ನೆನಪಿದೆ, ಸಣ್ಣವರು ಅದನ್ನು ಕೇಳಿ ಕೇಳಿ ತಾವೂ ಕಂಡೆವು ಅಂತ ಹೇಳುತ್ತಾರೆ. ಟ್ರೆಡಲ್ಲಿನ ದೊಡ್ಡ ಸುಗ್ಗಿ ಅದೇ ಕೊನೆಯದು. ಮುಂದೆ ಮೊಳೆಗಳು ಸೀಸದ ತೂಕಕ್ಕೆ ಮಾರಾಟವಾದವು, ಆ ಜಾಗದಲ್ಲಿ ಹುಬ್ಬಳ್ಳಿಯಿಂದ ಬಸ್ಸಿನ ಹಿಂದಿನ ಸೀಟಿನ ಮೇಲೆ, ಕಾಕಾನ ತೊಡೆಗೆ ಒರಗಿಸಿಕೊಂಡು ಬಂದ ಕಂಪ್ಯೂಟರ್ ಕೂತಿತು. ಗುಡಾಣದಷ್ಟು ಹೊಟ್ಟೆಯಿದ್ದ ಮಾನಿಟರ್ರು, ಬೆಣ್ಣೆಬಣ್ಣದ ಡಬ್ಬಿ, ಒಳಗೆ ವಿಂಡೋಸ್ 98.

ಮೊದಲ ದಿನ ಅಜ್ಜಿ ಅದರ ಮುಂದೆ ನಿಂತು ಇದಕ್ಕೆ ಕುಂಕುಮ ಎಲ್ಲಿ ಹಚ್ಚಬೇಕು ಅಂತ ಕೇಳಿದಳು. ಮನೆಯ ಗಂಡಸರು ಇದು ಲಕ್ಷ್ಮಿಯೋ ಸರಸ್ವತಿಯೋ ಅಂತ ಚರ್ಚೆಗೆ ಬಿದ್ದಾಗ, "ರೊಕ್ಕಾ ತಂದ್ರ ಲಕ್ಷ್ಮಿ, ಅಕ್ಷರ ಬರದ್ರ ಸರಸ್ವತಿ, ಇಬ್ರಿಗೂ ಒಂದ ಊದಿನಕಡ್ಡಿ ಸಾಕು ಬಿಡ್ರೋ" ಅಂತ ತಾನೇ ತೀರ್ಪು ಕೊಟ್ಟು, ಧೂಳಿಗೆ ಅಂತ ಹಳೇ ಇಲಕಲ್ ಸೀರೆಯ ಸೆರಗು ಸೇರಿಸಿ ಮಾನಿಟರಿನ ಅಳತೆಗೆ ಒಂದು ಸಣ್ಣ ಕೌದಿ ಹೊಲಿದಳು. ಆ ಕೌದಿ ತೆಗೆಯುವುದೇ ನಮ್ಮ ಬೆಳಗಿನ ಮೊದಲ ಕೆಲಸ. ಅಂಗಡಿಯ ಕಸ ಹೊಡೆದು, ನೀರು ಚಿಮುಕಿಸಿ, ಚಪ್ಪಲಿ ಹೊರಗೆ ಬಿಟ್ಟು, ಕೌದಿಯನ್ನು ನಾಲ್ಕು ಮಡಿಕೆ ಮಾಡಿ ಸ್ಟೂಲಿನ ಮೇಲಿಟ್ಟು, ಯುಪಿಎಸ್ ಗುಂಡಿ ಒತ್ತಿ, ಅದು ಪೀಂ ಅಂದ ಮೇಲೆ ಡಬ್ಬಿಯ ಗುಂಡಿ ಒತ್ತಿ, ಕರಿ ಪರದೆಯ ಮೇಲೆ ಬಿಳಿ ಅಂಕಿಗಳು ಓಡುವುದನ್ನು ಬಾಯಿ ತೆರೆದು ನೋಡುತ್ತಿದ್ದೆವು. ಸಂಜೆ ಆರಿಸುವಾಗ ಕರಿ ಪರದೆಯ ನಟ್ಟನಡುವೆ ಕಿತ್ತಳೆ ಬಣ್ಣದ ಅಕ್ಷರದಲ್ಲಿ ಇನ್ನು ಕಂಪ್ಯೂಟರ್ ಬಂದ್ ಮಾಡಬಹುದು ಅನ್ನುವ ಇಂಗ್ಲಿಷ್ ಸಾಲು ಬರುತ್ತಿತ್ತಲ್ಲ, ಅದನ್ನು ಎಲ್ಲರೂ ಸಾಲಿಯ ಪ್ರಾರ್ಥನೆಯ ರಾಗದಲ್ಲಿ ಓದಿದ ಮೇಲೆಯೇ ಗುಂಡಿ ಒತ್ತುವ ಪಾಳಿ ಯಾರದೋ ಅವರು ಒತ್ತಬೇಕು.

ಲಗ್ನದ ಸುಗ್ಗಿ ಬಂತೆಂದರೆ ಮನೆ ಮಂದಿಯೆಲ್ಲ ಪ್ರೆಸ್ಸಿನ ಆಳುಗಳೇ. ಹಂಸಭಾವಿ, ಚಿಕ್ಕೇರೂರು, ಕೋಡ, ಮಾಸೂರು, ಅಬಲೂರು ಕಡೆಯಿಂದ ಲಗ್ನಪತ್ರಿಕೆ ಮಾಡಿಸಲು ಬಂದವರು ಅಂಗಡಿಯ ಕಟ್ಟೆಯ ಮೇಲೆ ಕೂತು, ಹಸ್ತಪ್ರತಿಯ ಹಾಳೆಯನ್ನು ಜೇಬಿನಿಂದ ತೆಗೆದು, ಯಾರ ಹೆಸರು ಮೊದಲು ಬರಬೇಕು, ಯಾವ ಕಾಕಾ ಸಿಟ್ಟಾಗುತ್ತಾನೆ, ಯಾವ ಬೀಗರ ಹೆಸರಿನ ಮುಂದೆ ಶರಣ ಅಂತ ಹಾಕಬೇಕು ಅಂತ ಮಧ್ಯಾಹ್ನದ ತನಕ ವಾದ ಮಾಡುವರು, ಅಷ್ಟೊತ್ತಿಗೆ ಕಕ್ಕಿ ಎರಡು ಸಲ ಚಹಾ ಕಳಿಸಿರುತ್ತಿದ್ದಳು. ಕಾಕಾ ಪೇಜ್‌ಮೇಕರಿನಲ್ಲಿ ಗಣಪತಿಯನ್ನೂ ಊರ ದೇವರನ್ನೂ ಕೂಡ್ರಿಸಿ, ಬಟರ್ ಪೇಪರ್ ಮೇಲೆ ಪ್ರಿಂಟ್ ತೆಗೆಯುತ್ತಿದ್ದ. ಕಟ್ಟಿಗೆಯ ಚೌಕಟ್ಟಿಗೆ ಬಿಗಿದ ಬಟ್ಟೆಗೆ ಕತ್ತಲಲ್ಲಿ ಮದ್ದು ಸವರಿ, ಒಣಗಿದ ಮೇಲೆ ಅದರ ಮೇಲೆ ಬಟರ್ ಪೇಪರ್, ಪೇಪರಿನ ಮೇಲೆ ಗಾಜು ಇಟ್ಟು ಹಿತ್ತಲದ ಬಿಸಿಲಿಗೆ ಹಿಡಿಯಬೇಕು. ಆಗ ಎಣಿಸುವುದು ನಮ್ಮ ಕೆಲಸ, ಒಬ್ಬ ತಪ್ಪಿದರೆ ಇನ್ನೊಬ್ಬ ಹಿಡಿಯಲಿ ಅಂತ ಎಲ್ಲರೂ ಒಟ್ಟಿಗೆ ದೊಡ್ಡದಾಗಿ ಎಣಿಸುತ್ತಿದ್ದೆವು. ಆಮೇಲೆ ಬಚ್ಚಲಕ್ಕೆ ಒಯ್ದು ತಂಬಿಗೆಯಿಂದ ನೀರು ಸುರಿದರೆ ಬಿಸಿಲು ತಾಗದ ಕಡೆಯ ಮದ್ದು ಕರಗಿ, ಬಟ್ಟೆಯಲ್ಲಿ ಚಿರಂಜೀವಿಯ ಹೆಸರು ಮೊದಲು, ಸೌಭಾಗ್ಯವತಿಯ ಹೆಸರು ಆಮೇಲೆ, ಒಂದೊಂದೇ ಅಕ್ಷರ ತೆರೆದುಕೊಳ್ಳುತ್ತಿತ್ತು. ಛಾಪಿಸಿದ ಪತ್ರಿಕೆಗಳನ್ನು ಪಡಸಾಲಿಯ ತುಂಬ, ಹೊರಸಿನ ಮೇಲೆ, ಕಾಳಿನ ಚೀಲದ ಮೇಲೆ, ಅಜ್ಜಿಯ ಹಾಸಿಗೆಯ ಮೇಲೆ ಹರವಿ ಒಣಗಿಸಿ, ಮೊದಲ ಕಟ್ಟಿನ ನಾಲ್ಕು ಮೂಲೆಗೆ ಅರಿಷಿಣ ಹಚ್ಚುವ ಹೊತ್ತಿಗೆ ನಮ್ಮ ಬೆರಳಷ್ಟೇ ಅಲ್ಲ, ಮೂಗು, ಅಂಗಿ, ಮರುದಿನ ಸಾಲಿಗೆ ಒಯ್ಯುವ ಪಾಟಿಚೀಲವೂ ಹಳದಿಯಾಗಿರುತ್ತಿತ್ತು.

ಈ ಕೆಲಸಗಳ ನಡುವೆ ನಮಗೆ ಕನ್ನಡ ಟೈಪಿಂಗ್ ಬಂತು. ಕನ್ನಡ ಗಣಕ ಪರಿಷತ್ತು ರೂಪಿಸಿದ, ಸರ್ಕಾರ ಪುಕ್ಕಟೆ ಹಂಚಿದ ನುಡಿ ತಂತ್ರಾಂಶ ಕಾಕಾನ ಕೈಗೆ ಬಂದದ್ದೇ ಮನೆಯೊಳಗೊಂದು ಸಾಲಿ ಸುರುವಾಯಿತು. ಕೆ. ಪಿ. ರಾವ್ ಅವರು ಜೋಡಿಸಿದ ಕೀಲಿಮಣೆಯಲ್ಲಿ ಒತ್ತಕ್ಷರಕ್ಕೆ ಎಫ್ ಒತ್ತಬೇಕು ಅನ್ನುವುದು ನಮಗೆ ಮಗ್ಗಿಗಿಂತ ಮೊದಲು ಬಾಯಿಪಾಠವಾಯಿತು. ಎ, ವಿ, ಎಫ್, ವಿ ಒತ್ತಿದರೆ ಅವ್ವ. ಕರಿಬೇವು ಸೋಸುತ್ತ ಕೂತಿದ್ದ ಅವ್ವನನ್ನು ಕರೆದುಕೊಂಡು ಬಂದು ತೋರಿಸಿದರೆ ಆಕೆ ಸೆರಗಿನಿಂದ ಕೈ ಒರೆಸಿಕೊಂಡು ನೋಡಿ, "ನನ್ನ ಹೆಸರು ಇಷ್ಟ ಸಣ್ಣದೈತೇನು, ಇನ್ನಷ್ಟು ದೊಡ್ಡದು ಮಾಡ್ರಿ" ಅಂದಳು. ಪಾಯಿಂಟ್ ಹೆಚ್ಚಿಸುತ್ತ ಹೋಗಿ ಒಂದೇ ಪದ ಪರದೆ ತುಂಬಿದ ಮೇಲೆ ಆಕೆಗೆ ಸಮಾಧಾನವಾಯಿತು.

ಟೈಪ್ ಮಾಡಲು ಪಾಠದ ಪುಸ್ತಕ ಬೇಸರವಾದಾಗ ಅಜ್ಜಿಯ ಹಾಡು ಹಿಡಿದೆವು. ಲಗ್ನದ ಮನೆಗಳಲ್ಲಿ ಅರಿಷಿಣ ಹಚ್ಚುವಾಗ, ಸುರಗಿ ಸುತ್ತುವಾಗ, ಹೆಣ್ಣು ಒಪ್ಪಿಸುವಾಗ ಹಾಡುವ ಸೋಬಾನ ಪದಗಳು, ಬೀಸುವ ಪದಗಳು, ಗುಳ್ಳವ್ವನ ಹಾಡುಗಳು. ಅಂಗಡಿಯ ಬಾಗಿಲಿಗೆ ಒರಗಿ ಬತ್ತಿ ಹೊಸೆಯುತ್ತ ಅಜ್ಜಿ ಒಂದೊಂದು ಸಾಲು ಹೇಳುವಳು, ನಮ್ಮಲ್ಲೊಬ್ಬರು ಹೊಡೆಯುವರು, ಉಳಿದವರು ಹೆಗಲ ಮೇಲಿಂದ ಇಣುಕಿ "ಒತ್ತು ಬಿಟ್ಟಿ, ದೀರ್ಘ ಬಿಟ್ಟಿ" ಅಂತ ಕೂಗುವರು. ಅಜ್ಜಿಗೆ ಹಾಡದೆ ಬರೀ ಹೇಳಲು ಬರುತ್ತಿರಲಿಲ್ಲ. ಹೇಳಲು ಹೋಗಿ ನಡುವೆ ತಡವರಿಸಿ, ಮತ್ತೆ ಮೊದಲಿನಿಂದ ರಾಗ ಎತ್ತಿ ಆ ಜಾಗಕ್ಕೆ ಬಂದು ನಿಲ್ಲುವಳು. ಹೀಗೆ ಒಂದು ಹಾಡು ಮುಗಿಯಲು ಸಂಜೆಯೆಲ್ಲ ಬೇಕಾಗುತ್ತಿತ್ತು, ಅದಕ್ಕೆ ಯಾರಿಗೂ ಅವಸರವೂ ಇರಲಿಲ್ಲ.

ಇಷ್ಟೆಲ್ಲ ದುಡಿದ ಯಂತ್ರಕ್ಕೆ ವರ್ಷವೊಪ್ಪತ್ತಿನಲ್ಲಿ ಸುಸ್ತು ಬರುತ್ತಿತ್ತು. ಊರೆಲ್ಲ ಫ್ಲಾಪಿ ತಂದು ಹಾಕಿ ವೈರಸ್ ಸೇರುವುದು, ಕರೆಂಟ್ ಹೋಗಿ ಬಂದು ಫೈಲು ಕೆಡುವುದು, ಗೋವಿನಜೋಳದ ಒಕ್ಕಣೆಯ ಹೊಟ್ಟು, ಹತ್ತಿಯ ಅರಳೆಯ ಎಳೆ ಫ್ಯಾನಿನೊಳಗೆ ಸುತ್ತಿಕೊಳ್ಳುವುದು. ಆಗಲೇ ಫಾರ್ಮ್ಯಾಟ್ ದಿನದ ಮಾತು. ಬೆಳಿಗ್ಗೆ ಡಬ್ಬಿಯನ್ನು ಕಟ್ಟೆಯ ಮೇಲಿಟ್ಟು, ಬದಿಯ ತಗಡು ಬಿಚ್ಚಿ, ಸೈಕಲ್ ಪಂಪಿನಿಂದ ಗಾಳಿ ಹೊಡೆಯುವ ಕೆಲಸ ಹುಡುಗರಿಗೆ. ರ‍್ಯಾಮಿನ ಬಂಗಾರದ ಹಲ್ಲುಗಳನ್ನು ಅಳಿಸುವ ರಬ್ಬರಿನಿಂದ ಉಜ್ಜುವ ಕೆಲಸ ಹುಡುಗಿಯರಿಗೆ, ಅವರ ಕೈ ಹಗುರ ಅಂತ ಕಾಕಾನ ನಂಬಿಕೆ. ಬಿಚ್ಚಿದ ಸ್ಕ್ರೂಗಳನ್ನು ಅಜ್ಜಿಯ ಸುಣ್ಣದ ಡಬ್ಬಿಯ ಮುಚ್ಚಳದಲ್ಲಿ ಹಾಕಿ ಕಾಯಲು ಒಬ್ಬ ಕಾವಲುಗಾರ. ಅಷ್ಟಾದ ಮೇಲೆ ಸ್ನಾನ, ಅವಲಕ್ಕಿ ಒಗ್ಗರಣಿ, ಎಲ್ಲರೂ ಚಾಪೆಯ ಮೇಲೆ.

ವಿಂಡೋಸ್ 98 ಇದ್ದಾಗ ಬೂಟ್ ಫ್ಲಾಪಿಯೇ ಬೀಗದ ಕೈ. ಅದರ ಕಟಕಟ ಸದ್ದು ಕೇಳಿ ಅದು ಓದುತ್ತಿದೆಯೋ ಕೆಟ್ಟಿದೆಯೋ ಅನ್ನುವುದನ್ನು ನಾವು ಕಣ್ಣು ಮುಚ್ಚಿ ಹೇಳುತ್ತಿದ್ದೆವು. 2001ರ ಅಕ್ಟೋಬರಿನಲ್ಲಿ ಜಗತ್ತಿಗೆ ಬಂದ ಎಕ್ಸ್‌ಪಿ ಹಿರೇಕೆರೂರಿನ ನಮ್ಮ ಅಂಗಡಿಗೆ ಬರುವಷ್ಟರಲ್ಲಿ ಒಂದೆರಡು ಲಗ್ನದ ಸುಗ್ಗಿ ಕಳೆದಿದ್ದವು. ಈಗ ಫ್ಲಾಪಿ ಬೇಡ, ಸಿಡಿ ಹಾಕಿದರೆ ಸಾಕು. ಯಾವುದಾದರೂ ಕೀಲಿ ಒತ್ತಿ ಅಂತ ಪರದೆ ಕೇಳಿದ ಕೂಡಲೆ ಎಲ್ಲರ ಕೈಯೂ ಕೀಬೋರ್ಡಿನ ಮೇಲೆ. ಮುಂದೆ ಕಡುನೀಲಿ ಪರದೆ, ಎಂಟನೇ ಎಫ್ ಒತ್ತಿ ಒಪ್ಪಿಗೆ ಕೊಡುವುದು, ಸಿ ಡ್ರೈವ್ ಅಳಿಸುವ ಮುನ್ನ ಕಾಕಾ ಒಮ್ಮೆ ಎಲ್ಲರ ಮುಖ ನೋಡಿ "ಡಿ ಡ್ರೈವ್‌ನ್ಯಾಗ ಎಲ್ಲಾ ಇಟ್ಟೇವಿ ಹೌದಲ್ಲೋ?" ಅಂತ ಕೇಳುವುದು, ನಾವು "ಹೌದ್ರಿ" ಅಂತ ಒಂದೇ ದನಿಯಲ್ಲಿ ಅನ್ನುವುದು. ಆಮೇಲೆ ಆ ಹಳದಿ ಪಟ್ಟಿ, ಮಧ್ಯಾಹ್ನದ ಬಿಸಿಲಲ್ಲಿ ಹೊಲದ ಬದುವಿನ ಮೇಲೆ ಬುತ್ತಿ ಹೊತ್ತ ಮುದುಕಿ ನಡೆದಂತೆ, ನಿಂತು ನಿಂತು ಮುಂದೆ ಹೋಗುತ್ತಿತ್ತು. ಅದು ಮುಗಿದರೆ ಇನ್ನು 39 ನಿಮಿಷ ಅಂತ ಎಡಗಡೆ ಬರುತ್ತಿತ್ತು. ಆ 39 ನಿಮಿಷ ಯಾವತ್ತೂ 39 ನಿಮಿಷದಲ್ಲಿ ಮುಗಿದದ್ದಿಲ್ಲ. ಒಮ್ಮೆ 34ರ ಹತ್ತಿರ ನಿಂತರೆ ಅಪ್ಪ ಪೇಟೆಗೆ ಹೋಗಿ ಮಂಡಕ್ಕಿ, ಮಿರ್ಚಿ ಕಟ್ಟಿಸಿಕೊಂಡು ಬಂದರೂ ಅಲ್ಲೇ ಇರುತ್ತಿತ್ತು. ಪೇಪರಿನ ಮೇಲೆ ಸುರುವಿದ ಮಂಡಕ್ಕಿಯ ಸುತ್ತ ಕೂತು, ಎಣ್ಣೆಗೈ ತಾಗದಿರಲಿ ಅಂತ ಮೌಸಿನಿಂದ ಮಾರು ದೂರ ಸರಿದು, ಕಣ್ಣು ಮಾತ್ರ ಪರದೆಯ ಮೇಲಿಟ್ಟು, ಅಂಕಿ ಒಂದು ಇಳಿದಾಗೊಮ್ಮೆ ಹೋ ಅನ್ನುತ್ತಿದ್ದೆವು. ಹೋ ಅಂದ ಹೊತ್ತಿಗೇ ಕರೆಂಟ್ ಹೋದರೆ ಯುಪಿಎಸ್ ಅಳಲು ಸುರು, ಅದರೊಟ್ಟಿಗೆ ಸಣ್ಣವರೂ ಸುರು. ಕಾಕಾ ಓಡಿ ಹೋಗಿ ಎದುರಿನ ಹಿಟ್ಟಿನ ಗಿರಣಿಯವರನ್ನು "ನಿಮ್ದೂ ಹೋತೇನ್ರಿ?" ಅಂತ ಕೇಳಿ ಬರುವನು. ಅವರದೂ ಹೋಗಿದ್ದರೆ ಏನೋ ಸಮಾಧಾನ.

ಕೊನೆಗೆ ಆ ಸ್ವಾಗತದ ಸಂಗೀತ ಬಂದು ಹಸಿರು ಗುಡ್ಡ, ನೀಲಿ ಆಕಾಶ ತೆರೆದರೆ ಅಡಿಗಿ ಮನಿಯಿಂದ ಕಕ್ಕಿ, ಹಿತ್ತಲದಿಂದ ಅವ್ವ, ಎಲ್ಲರೂ ಬಾಗಿಲಿಗೆ ಬಂದು ನಿಲ್ಲುವರು. ಆ ಗುಡ್ಡ ಎಲ್ಲಿಯದು ಅನ್ನುವ ಜಗಳ ನಮ್ಮಲ್ಲಿ ಬಹಳ ವರ್ಷ ನಡೆಯಿತು. ಮದಗದ ಕೆರೆಯ ಹಿಂದಿನ ಗುಡ್ಡ ಅದು, ಮಳೆಗಾಲದಲ್ಲಿ ಥೇಟ್ ಹಾಗೇ ಕಾಣುತ್ತದೆ ಅಂತ ಮಾಸೂರಿನ ಕಡೆಯ ಬೀಗರ ಹುಡುಗ ಆಣೆ ಮಾಡಿ ಹೇಳುತ್ತಿದ್ದ. ಅದು ಅಮೆರಿಕದ ಕ್ಯಾಲಿಫೋರ್ನಿಯಾದ ಸೊನೋಮಾ ಸೀಮೆಯದು, ಚಾರ್ಲ್ಸ್ ಒರಿಯರ್ ಅನ್ನುವ ಫೋಟೋಗ್ರಾಫರ್ 1996ರಲ್ಲಿ ಕಾರು ನಿಲ್ಲಿಸಿ ತೆಗೆದದ್ದು ಅನ್ನುವುದು ನಮಗೆ ತಿಳಿದದ್ದು ದೊಡ್ಡವರಾದ ಮೇಲೆ. ಅಲ್ಲಿ ಮೊದಲು ದ್ರಾಕ್ಷಿ ತೋಟವಿತ್ತಂತೆ, ಬಳ್ಳಿಗೆ ಹುಳ ಬಿದ್ದು ಕಿತ್ತೊಗೆದ ಮೇಲೆ ಹುಲ್ಲು ಬೆಳೆದು ಅಷ್ಟು ಹಸಿರಾಗಿತ್ತಂತೆ. ಇದನ್ನು ಹೇಳಿದಾಗ ಹತ್ತಿಗೆ ಕಾಯಿಕೊರಕ ಬಿದ್ದ ವರ್ಷಗಳನ್ನು ಕಂಡಿದ್ದ ಅಪ್ಪ, "ಹಂಗಾರ ಆ ಗುಡ್ಡದ ಒಡೆಯಾಗ ಆ ಫೋಟೋ ನೋಡಿದ್ರ ಖುಷಿ ಆಗಿರಂಗಿಲ್ಲ ಬಿಡು" ಅಂದ.

ಊರಿನ ಸುದ್ದಿಯೆಲ್ಲ ಆ ಒಂದು ಡಬ್ಬಿಯ ಮೂಲಕವೇ ಹೋಗಿ ಬರುತ್ತಿತ್ತು. ದುರ್ಗಾದೇವಿ ಜಾತ್ರೆಯ ಕರಪತ್ರ, ಪುರಾಣ ಪ್ರವಚನದ ಕರಪತ್ರ, ಹಂಸಭಾವಿಯ ಕಾಲೇಜು ಹುಡುಗರ ಪ್ರೊಜೆಕ್ಟು, ಸೊಸೈಟಿಯ ಅಡಾವೆ ಪತ್ರಿಕೆ. ದೀಪಾವಳಿಗೆ ಕೊಬ್ಬರಿ ಹೋರಿ ಬೆದರಿಸುವ ಹಬ್ಬದ ಕರಪತ್ರ ಮಾಡಿಸಲು ಬಂದವರಂತೂ ಹೋರಿಯ ಫೋಟೋವನ್ನು ಮಗಳ ಫೋಟೋಕ್ಕಿಂತ ಜೋಪಾನವಾಗಿ ಕವರಿನಲ್ಲಿಟ್ಟು ತರುತ್ತಿದ್ದರು, ಕೋಡಿಗೆ ಕಟ್ಟಿದ ಬಲೂನು ಕತ್ತರಿಸಿ ಹೋಗಬಾರದು, ಕೊಬ್ಬರಿ ಸರ ಪೂರಾ ಕಾಣಬೇಕು ಅಂತ ಕಾಕಾನ ಪಕ್ಕ ಕೂತು ಕಾವಲು ಕಾಯುತ್ತಿದ್ದರು. ಭೂಮಿ ಯೋಜನೆ ಬಂದು ತಾಲೂಕು ಕಚೇರಿಯ ಕಿಟಕಿಯಲ್ಲಿ 15 ರೂಪಾಯಿಗೆ ಪಹಣಿ ಸಿಗತೊಡಗಿದ ಮೇಲೆ, ಪಹಣಿಯಲ್ಲಿ ಹೆಸರು ತಪ್ಪು ಬಿದ್ದವರು ಅರ್ಜಿ ಬರೆಸಲು ಅಲ್ಲಿಂದ ಸೀದಾ ನಮ್ಮ ಕಟ್ಟೆಗೇ ಬರುವರು. ಸತ್ತವರ ಪುಣ್ಯತಿಥಿಯ ಪತ್ರಿಕೆ ಬಂದ ದಿನ ಮಾತ್ರ ಅಂಗಡಿಯಲ್ಲಿ ಹಾಡು ಹಚ್ಚುತ್ತಿರಲಿಲ್ಲ, ರೊಕ್ಕದ ಮಾತು ಕಾಕಾ ಎತ್ತುತ್ತಿರಲಿಲ್ಲ, ಅವರೇ ಕೊಟ್ಟಷ್ಟು ತಗೊಳ್ಳುತ್ತಿದ್ದ. ಅಜ್ಜನ ಪತ್ರಿಕೆಯನ್ನೂ ಅದೇ ಕೀಬೋರ್ಡಿನಲ್ಲಿ ನಾವೇ ಹೊಡೆದೆವು.

ಆಮೇಲೆ ಒಬ್ಬೊಬ್ಬರೇ ಬಸ್ಸು ಹತ್ತಿದೆವು. ಒಬ್ಬಳು ರಾಣೆಬೆನ್ನೂರಿಗೆ, ಒಬ್ಬ ದಾವಣಗೆರೆಗೆ, ಇಬ್ಬರು ಬೆಂಗಳೂರಿಗೆ, ಒಬ್ಬ ಪುಣೆಗೆ. ಲಗ್ನಪತ್ರಿಕೆ ಫೋನಿನಲ್ಲೇ ಬರತೊಡಗಿತು, ಫ್ಲೆಕ್ಸಿನ ಅಂಗಡಿಗಳಾದವು, ರಟ್ಟೀಹಳ್ಳಿ ಬೇರೆ ತಾಲೂಕಾದಾಗ ವಿಳಾಸ ತಿದ್ದಿಸಲು ಯಾರೂ ಕಟ್ಟೆಗೆ ಬಂದು ಕೂಡಲಿಲ್ಲ. 2014ರ ಏಪ್ರಿಲ್ 8ರಂದು ಎಕ್ಸ್‌ಪಿಗೆ ಮೈಕ್ರೋಸಾಫ್ಟಿನ ಬೆಂಬಲ ನಿಂತಿತು. ಕಾಕಾನ ಡಬ್ಬಿ ಅದಾದ ಮೇಲೂ ನಡೆಯಿತು, ಮುಂದೊಂದು ಮಳೆಗಾಲದಲ್ಲಿ ಮದರ್‌ಬೋರ್ಡಿನ ಕೆಪ್ಯಾಸಿಟರುಗಳು ಉಬ್ಬಿ ಬಾಯಿ ಬಿಟ್ಟವು. ಅಜ್ಜಿ ಅಷ್ಟರೊಳಗೆ ಹೋಗಿದ್ದಳು.

ಕಳೆದ ಮಹಾನವಮಿಗೆ ಎಲ್ಲರೂ ಊರಿನಲ್ಲಿ ಸೇರಿದಾಗ ಅಕ್ಕನ ಮಗಳ ಲಗ್ನದ ಮಾತು ಬಂತು, ಅದರ ಹಿಂದೆಯೇ ಅಜ್ಜಿಯ ಸೋಬಾನ ಪದದ ಮಾತೂ ಬಂತು. ಡಿ ಡ್ರೈವಿನಲ್ಲಿ ಇಟ್ಟಿದ್ದೆವಲ್ಲ. ಹಳೇ ಹಾರ್ಡ್ ಡಿಸ್ಕನ್ನು ಕಾಕಾ ಅರಿವಿಯಲ್ಲಿ ಸುತ್ತಿ ಟ್ರಂಕಿನಲ್ಲಿ ಕಾಯ್ದಿದ್ದ. ಪರಿವರ್ತಕ ಕೇಬಲ್ಲು ಹಚ್ಚಿ ಬೆಂಗಳೂರಿನಿಂದ ತಂದ ಲ್ಯಾಪ್‌ಟಾಪಿಗೆ ಜೋಡಿಸಿದರೆ ಫೈಲುಗಳು ಸಿಕ್ಕವು, ತೆರೆದರೆ ಕನ್ನಡ ಇಲ್ಲ. ಕನ್ನಡ ಅಂತ ಇರಬೇಕಾದಲ್ಲಿ ಇಂಗ್ಲಿಷಿನ ಪಿ, ತಲೆಯ ಮೇಲೆ ಗೆರೆ ಹೊತ್ತ ಎ, ಪೌಂಡಿನ ಚಿಹ್ನೆ, ಮತ್ತೆ ಗೆರೆಯ ಎ, ಜರ್ಮನರ ಒಂದು ಅಕ್ಷರ. ಆ ಕಾಲದ ನುಡಿ ಫಾಂಟು ಯೂನಿಕೋಡ್ ಅಲ್ಲ, ಇಂಗ್ಲಿಷ್ ಅಕ್ಷರಗಳ ಮನೆಯಲ್ಲಿ ಕನ್ನಡದ ತುಂಡುಗಳನ್ನು ಕೂಡ್ರಿಸಿ ಮಾಡಿದ್ದು. ಫಾಂಟ್ ಇಲ್ಲದಿದ್ದರೆ ಮನೆಯ ಮೂಲ ಒಡೆಯರೇ ಹೊರಗೆ ಬರುತ್ತಾರೆ. ಹಾಡುಗಳಿದ್ದದ್ದು ಪೇಜ್‌ಮೇಕರಿನ ಫೈಲಿನಲ್ಲಿ, ಅದರ ಕೊನೆಯ ಆವೃತ್ತಿ ಬಂದದ್ದು 2001ರಲ್ಲಿ, ಹೊಸ ವಿಂಡೋಸಿನ ಮೇಲೆ ಅದು ಸರಿಯಾಗಿ ಏಳಲಿಲ್ಲ. "ಹಂಗಾರ ಎಕ್ಸ್‌ಪಿನ ಹಾಕೂಣು" ಅಂದ ಕಾಕಾ. ನಮ್ಮೆಲ್ಲರ ಮುಖ ಒಮ್ಮೆಲೆ ಸಣ್ಣ ಹುಡುಗರದಾಯಿತು.

ಎಷ್ಟೋ ವರ್ಷದ ಮೇಲೆ ಚಾಪೆ ಹಾಸಿದೆವು. ಮಾರ್ಕರಿನಲ್ಲಿ ಹೆಸರು ಬರೆದ ಹಳೇ ಸಿಡಿ ಸಿಕ್ಕಿತು, ಸಿಡಿ ಹಾಕುವ ಬಾಯಿ ಹೊಸ ಲ್ಯಾಪ್‌ಟಾಪಿಗೆ ಇರಲಿಲ್ಲ. ಪೆನ್‌ಡ್ರೈವಿಗೆ ಹಾಕಿಕೊಂಡರೂ ಅದು ಬೂಟ್ ಆಗಲು ಒಪ್ಪಲಿಲ್ಲ, ಯಾಕೆಂದರೆ ಈಗಿನ ಯಂತ್ರಗಳಿಗೆ ಯುಇಎಫ್‌ಐ ಮಾತ್ರ ಗೊತ್ತು, ಎಕ್ಸ್‌ಪಿಗೆ ಹಳೇ ಬಯಾಸ್ ಬೇಕು. ಹೊಸ ಚಿಪ್ಪುಗಳಲ್ಲಿ ಆ ಹಳೆಯ ದಾರಿಯನ್ನೇ ಮುಚ್ಚಿಬಿಟ್ಟಿದ್ದಾರೆ. ತಮ್ಮನ ಹತ್ತಿರ ಒಂದು ನಡುವಯಸ್ಸಿನ ಡೆಸ್ಕ್‌ಟಾಪ್ ಇತ್ತು, ಅದರಲ್ಲಿ ಹಳೇ ದಾರಿ ಇನ್ನೂ ತೆರೆದಿತ್ತು. ಕಡುನೀಲಿ ಪರದೆ ಬಂತು, ನಾವು ಹೋ ಅಂದೆವು, ಕೂಡಲೆ ಇನ್ನೊಂದು ನೀಲಿ ಪರದೆ ಬಂದು ಸೊನ್ನೆಗಳ ಕೊನೆಗೆ 7ಬಿ ಅನ್ನುವ ಅಂಕಿ ತೋರಿಸಿ ನಿಂತುಬಿಟ್ಟಿತು. ಡಿಸ್ಕು ಕಣ್ಣೆದುರಿಗೇ ಇದ್ದರೂ ಎಕ್ಸ್‌ಪಿಗೆ ಅದರ ಗುರುತಿಲ್ಲ ಅಂತ ಅದರ ಅರ್ಥ. ಎಎಚ್‌ಸಿಐ ಅನ್ನುವ ಈಗಿನ ಪದ್ಧತಿಯ ಡ್ರೈವರು ಆ ಸಿಡಿಯಲ್ಲಿಲ್ಲ. ಬೇಕಾದರೆ ಆರನೇ ಎಫ್ ಒತ್ತಿ ಡ್ರೈವರ್ ಕೊಡಿ ಅನ್ನುತ್ತದೆ, ಒತ್ತಿದರೆ ಫ್ಲಾಪಿ ಕೇಳುತ್ತದೆ. ಆ ಫ್ಲಾಪಿಯನ್ನು ಎಲ್ಲಿಂದ ತರುವುದು? ಕಾಕಾ ಚಸ್ಮಾ ಏರಿಸಿ, ಸೆಟ್ಟಿಂಗಿನೊಳಗೆ ಹೋಗಿ, ಸಾಟಾ ಅನ್ನುವ ಸಾಲಿನಲ್ಲಿ ಎಎಚ್‌ಸಿಐ ತೆಗೆದು ಐಡಿಇ ಮಾಡು ಅಂದ. ಡಿಸ್ಕು ಕಂಡಿತು. ಮುಂದೆ ಯುಎಸ್‌ಬಿಯ ನೀಲಿ ತೂತಿಗೆ ಹಾಕಿದ ಕೀಬೋರ್ಡು ನಡುದಾರಿಯಲ್ಲಿ ಸತ್ತಿತು, ಎಕ್ಸ್‌ಪಿ ಬಂದ ಕಾಲಕ್ಕೆ ಯುಎಸ್‌ಬಿ 3 ಹುಟ್ಟಿರಲಿಲ್ಲ. ಹಿಂಬದಿಯ ಕರಿ ತೂತಿಗೆ ಹಾಕಿದರೆ ಎದ್ದಿತು. ಆ ಕಡೆ ತಂಗಿ ಲ್ಯಾಪ್‌ಟಾಪಿನಲ್ಲಿ ವರ್ಚುವಲ್ ಬಾಕ್ಸ್ ಹಾಕಿ, ಯಂತ್ರದೊಳಗೇ ಒಂದು ಸುಳ್ಳು ಹಳೇ ಯಂತ್ರ ಕಟ್ಟಿ, ಅದಕ್ಕೆ ಒಂದು ಜಿಬಿ ರ‍್ಯಾಮ್ ಕೊಟ್ಟು, ಇಂಟರ್ನೆಟ್ ಕಡಿದು, ಯಾವ ತಕರಾರೂ ಇಲ್ಲದೆ ನಮ್ಮನ್ನು ದಾಟಿ ಹೋಗಿದ್ದಳು.

39 ನಿಮಿಷ ಅಂತ ಬಂತು. ಅಪ್ಪ ಹಳೇ ರೂಢಿಯಂತೆ ಮಂಡಕ್ಕಿ ತರಲು ಚಪ್ಪಲಿ ಮೆಟ್ಟಿದ. ಎಸ್‌ಎಸ್‌ಡಿಯ ಮೇಲೆ ಅಂಕಿಗಳು ದಡದಡ ಇಳಿದವು, ಯಾವ ಅಂಕಿಗೆ ಹೋ ಅನ್ನಬೇಕು ಅನ್ನುವಷ್ಟರಲ್ಲಿ ಮುಂದಿನದು ಬಂದಿರುತ್ತಿತ್ತು. ಕಕ್ಕಿಯ ಚಹಾ ಕುದಿ ಬರುವ ಮೊದಲೇ ಗುಡ್ಡ ಕಂಡಿತು. ಅಪ್ಪ ಇನ್ನೂ ಓಣಿಯ ತಿರುವು ದಾಟಿರಲಿಲ್ಲ. ಮಕ್ಕಳನ್ನು ಕರೆದು ತೋರಿಸಿದೆವು, ಅವರು "ಆಯ್ತಾ?" ಅಂತ ಕೇಳಿ ಹಿತ್ತಲಕ್ಕೆ ಹೋದರು.

ನುಡಿ ಹಾಕಿ, ಪೇಜ್‌ಮೇಕರ್ ಹಾಕಿ ಫೈಲು ತೆರೆದಾಗ ಪಿಯೂ ಪೌಂಡೂ ಸರಿದು ಕನ್ನಡ ಬಂತು. ಮೊದಲ ಹಾಳೆಯಲ್ಲಿ ಹೂಬಳ್ಳಿಯ ಅಂಚು, ಅದರೊಳಗೆ "ಹಾಡಿದಾಕಿ: ಅಜ್ಜಿ. ಹೊಡೆದವರು: ಎಲ್ಲರೂ." ಒಳಗೆ ಕೆಲವು ಹಾಡು ಪೂರಾ ಇವೆ, ಕೆಲವು ನಟ್ಟನಡುವೆ ನಿಂತಿವೆ. ಕರೆಂಟ್ ಹೋಗುವ ಮೊದಲು ಎಲ್ಲಿಯ ತನಕ ಸೇವ್ ಆಗಿತ್ತೋ ಅಲ್ಲಿಯ ತನಕ. ನಾಳೆ ಮುಂದುವರಿಸೋಣ ಅಂತ ಎದ್ದವರು ಮರುದಿನ ಬೇರೆ ಹಾಡು ಹಿಡಿದಿದ್ದೆವು. ಕಕ್ಕಿ ಒಲೆ ಆರಿಸಿ ಬಂದು ಕೂತು, ಅರ್ಧವಾದ ಹಾಡುಗಳಲ್ಲಿ ಕೆಲವನ್ನು ತಾನೇ ಎತ್ತಿ ಹಾಡಿ ಮುಗಿಸಿದಳು, ನಾವು ಹೊಡೆದುಕೊಂಡೆವು. ಸುರಗಿ ಸುತ್ತುವ ಹಾಡಿನ ಹತ್ತಿರ ಬಂದಾಗ ಮಾತ್ರ ಮೊದಲಿನಿಂದ ರಾಗ ಎತ್ತಿ ಬಂದರೂ ಆ ಜಾಗದಾಚೆ ದಾಟಲಾಗದೆ, "ಇದು ಅತ್ತಿಯವ್ರಿಗೆ ಮಾತ್ರ ಬರತಿತ್ತು" ಅಂದಳು. ಆ ಹಾಡು ಈಗಲೂ ಅಷ್ಟೇ ಇದೆ.

ನಿಮ್ಮ ಮನೆಯ ಅಟ್ಟದ ಮೇಲೆ, ಟ್ರಂಕಿನಲ್ಲಿ ಇಂಥ ಡಿಸ್ಕು, ಸಿಡಿ, ಫ್ಲಾಪಿ ಇದ್ದರೆ ಈಗಲೇ ತೆಗೆಯಿರಿ. ಹಳೇ ವಿಂಡೋಸನ್ನು ಹೊಸ ಯಂತ್ರಕ್ಕೆ ನೇರ ಹಾಕಲು ಹೆಣಗಬೇಡಿ, ವರ್ಚುವಲ್ ಯಂತ್ರದಲ್ಲಿ ಹಾಕಿ, ಇಂಟರ್ನೆಟ್ ಸೋಕಿಸಬೇಡಿ. ತೆರೆದ ಬರಹವನ್ನು ಯೂನಿಕೋಡಿಗೆ ಬದಲಿಸುವ ಪರಿವರ್ತಕಗಳು ಪುಕ್ಕಟೆ ಸಿಗುತ್ತವೆ. ಬದಲಿಸಿದಾಗ ಅರ್ಕಾವತ್ತು, ಒತ್ತಕ್ಷರಗಳು ಅಲ್ಲಲ್ಲಿ ಜಾಗ ತಪ್ಪುತ್ತವೆ, ಅದನ್ನು ಯಂತ್ರ ತಿದ್ದುವುದಿಲ್ಲ. ಆ ಮಾತು, ಆ ಹಾಡು ಗೊತ್ತಿದ್ದವರೊಬ್ಬರು ಪಕ್ಕದಲ್ಲಿ ಕೂತು ಪ್ರೂಫ್ ನೋಡಬೇಕು. ವಿಂಡೋಸ್ ಇನ್ನು ಹತ್ತು ವರ್ಷದ ಮೇಲೂ ಹೇಗಾದರೂ ಹಾಕಬಹುದು. ಪ್ರೂಫ್ ನೋಡುವವರು ಇರುವಾಗಲೇ ಈ ಕೆಲಸ ಮುಗಿಸಿಕೊಳ್ಳಿ.